ಎಂಟು ತಲೆಮಾರಿನ ಲೆಕ್ಕ: ಖಾನಾಪುರದ ಸಿದ್ದಿಗಳು ಮತ್ತು ಸಿಗದ ಹಡಗಿನ ಪಟ್ಟಿ

ಬೆಳಗಾವಿ ಜಿಲ್ಲೆಯ ಖಾನಾಪುರ ತಾಲ್ಲೂಕಿನ ಸಿದ್ದಿ ಜನರ ಬಗ್ಗೆ ಬರೆಯುವವರು ಈಚೆಗೆ ಒಂದು ಮಾತನ್ನು ಕೈಯಿಂದ ಕೈಗೆ ದಾಟಿಸುತ್ತಿದ್ದಾರೆ: ಇವರು ಆಫ್ರಿಕಾದಿಂದ ಬಂದು ಇನ್ನೂರು ವರ್ಷವಾಯಿತು, ಡಿಎನ್‌ಎ ಪರೀಕ್ಷೆ ಅದನ್ನು ಸಾಬೀತು ಮಾಡಿದೆ. ಸಾಬೀತಾದದ್ದು ಅದಲ್ಲ. ಪರೀಕ್ಷೆ ಹೇಳಿದ್ದು ಬೇರೆ, ಅದನ್ನು ಓದಿದವರು ಹೇಳುತ್ತಿರುವುದು ಬೇರೆ. ಇವೆರಡರ ನಡುವಿನ ಅಂತರದಲ್ಲಿ ಒಂದು ಸಮುದಾಯದ ನೂರಾರು ವರ್ಷಗಳ ಚರಿತ್ರೆ ಕಳೆದುಹೋಗುತ್ತಿದೆ.

ಮೂಲ ಲೇಖನ 2011ರದು. ಹೈದರಾಬಾದಿನ ಸಿಸಿಎಂಬಿ ಸಂಶೋಧನಾ ಸಂಸ್ಥೆಯ ವಿಜ್ಞಾನಿಗಳೂ ಅವರ ಸಹವರ್ತಿಗಳೂ ಸೇರಿ ಅದನ್ನು ಅಮೆರಿಕನ್ ಜರ್ನಲ್ ಆಫ್ ಹ್ಯೂಮನ್ ಜೆನೆಟಿಕ್ಸ್ ಪತ್ರಿಕೆಯಲ್ಲಿ ಪ್ರಕಟಿಸಿದರು. ಸಿದ್ದಿಗಳ ಆಫ್ರಿಕನ್ ಮೂಲ ಬಾಂಟು ಭಾಷಿಕರ ಕಡೆಯದು, ಅವರ ಪೂರ್ವಿಕರು ನೆರೆಯ ಭಾರತೀಯ ಜನರೊಂದಿಗೆ ಬೆರೆತದ್ದು ಬಹುಶಃ ಕಳೆದ ಎಂಟು ತಲೆಮಾರುಗಳಲ್ಲಿ, ಅಂದರೆ ಸುಮಾರು ಇನ್ನೂರು ವರ್ಷಗಳಿಂದ ಈಚೆಗೆ ಎಂಬುದು ಅದರ ಸಾರ. ಪೋರ್ಚುಗೀಸರು ಸಿದ್ದಿಗಳನ್ನು ಕರೆತಂದದ್ದು 300ರಿಂದ 500 ವರ್ಷಗಳ ಹಿಂದೆ ಎಂಬ ಚಾರಿತ್ರಿಕ ದಾಖಲೆಗಳ ಮಾತು ಅದೇ ಲೇಖನದ ಮೊದಲ ಸಾಲುಗಳಲ್ಲಿದೆ. ಬೆರೆತ ಕಾಲ ಒಂದು, ಬಂದ ಕಾಲ ಇನ್ನೊಂದು. ಎರಡನ್ನೂ ಒಂದೇ ಮಾಡಿದ್ದು ವಿಜ್ಞಾನಿಗಳಲ್ಲ, ಸಾರಾಂಶವನ್ನು ಅರ್ಧಕ್ಕೆ ಓದಿ ನಿಲ್ಲಿಸಿದವರು. (ಆ ಸಾರಾಂಶವೂ ದೋಷಮುಕ್ತವಲ್ಲ. ಕರ್ನಾಟಕದ ಸಿದ್ದಿಗಳನ್ನು ಅದು ಕರಾವಳಿಯವರೆಂದು ಕರೆಯುತ್ತದೆ. ಹಳಿಯಾಳ, ಯಲ್ಲಾಪುರ, ಖಾನಾಪುರ ಮೂರೂ ಘಟ್ಟದ ಮೇಲಿನವು.)

ಈ ಎಂಟರ ಲೆಕ್ಕ ಹೇಗೆ ಬರುತ್ತದೆಂದು ತಿಳಿಯಲು ಸಿದ್ದಿ ಮನೆಯ ಕೌದಿಯನ್ನೇ ನೋಡಬಹುದು. ಹಳೆಯ ಸೀರೆ, ಅಂಗಿ, ಲುಂಗಿಗಳ ತುಂಡುಗಳನ್ನು ಹೆಂಗಸರು ಒಂದು ಮೂಲೆಯಿಂದ ಹೊಲಿಯುತ್ತ ಹೊರಟು, ಅಂಚು ಹಿಡಿದು ಸುತ್ತುತ್ತ ನಡುವಿಗೆ ಬರುತ್ತಾರೆ. ಕೊನೆಗೆ ನಾಲ್ಕು ಮೂಲೆಗಳಿಗೆ ಮಡಿಸಿದ ಪುಟ್ಟ ತ್ರಿಕೋನಗಳನ್ನು ಕೂರಿಸುತ್ತಾರೆ. ಅವಕ್ಕೆ ಫೂಲ ಎಂದು ಹೆಸರು, ಅವಿಲ್ಲದ ಕೌದಿ ಬತ್ತಲೆ ಎಂಬುದು ಅವರ ಭಾವನೆ. ಈಗ ಒಂದು ಇಡೀ ಸೀರೆಯನ್ನು ತಾಯಿ ನಾಲ್ಕು ತುಂಡು ಮಾಡಿದಳು, ಮಗಳು ಆ ತುಂಡುಗಳನ್ನು ಮತ್ತೆ ಕತ್ತರಿಸಿದಳು, ಮೊಮ್ಮಗಳು ಮತ್ತೂ ಕತ್ತರಿಸಿದಳು ಎಂದುಕೊಳ್ಳೋಣ. ತುಂಡಿನ ಅಳತೆ ನೋಡಿ ಕತ್ತರಿ ಎಷ್ಟು ಸಲ ಆಡಿದೆ ಎಂದು ಅಂದಾಜು ಮಾಡಬಹುದು. ಬೆರಕೆಯ ರಕ್ತದಲ್ಲಿ ಆಫ್ರಿಕನ್ ಮೂಲದ ಡಿಎನ್‌ಎ ಎಳೆಗಳೂ ತಲೆಮಾರಿನಿಂದ ತಲೆಮಾರಿಗೆ ಹೀಗೆಯೇ ಗಿಡ್ಡವಾಗುತ್ತವೆ, ಅವುಗಳ ಸರಾಸರಿ ಉದ್ದದಿಂದ ಕಾಲ ಲೆಕ್ಕ ಹಾಕುತ್ತಾರೆ. ಆದರೆ ನಡುನಡುವೆ ಹೊಸ ಸೀರೆ ಬಂದು ಸೇರುತ್ತಲೇ ಇದ್ದರೆ? ದೊಡ್ಡ ತುಂಡುಗಳು ಸರಾಸರಿಯನ್ನು ಈಚೆಗೆ ಎಳೆಯುತ್ತವೆ, ಇಡೀ ಕೌದಿ ಇರುವುದಕ್ಕಿಂತ ಹೊಸದಾಗಿ ಕಾಣುತ್ತದೆ. ಬೆರಕೆ ಒಂದೇ ಸಲ ನಡೆಯದೆ ಹಲವು ಕಾಲ ಮುಂದುವರಿದಿದ್ದರೆ ಎಂಟು ತಲೆಮಾರು ಎಂಬುದು ಆರಂಭದ ಗುರುತಾಗದು. ಬೆರಕೆಗೆ ಮುಂಚೆ ಸಿದ್ದಿಗಳು ತಮ್ಮೊಳಗೇ ಮದುವೆಯಾಗಿ ಕಳೆದ ಕಾಲವಂತೂ ಈ ಲೆಕ್ಕಕ್ಕೆ ಸಿಗುವುದೇ ಇಲ್ಲ.

ಬಂದು ಇನ್ನೂರೇ ವರ್ಷ ಎಂಬ ಮಾತಿಗೆ ಖಾನಾಪುರದ ನೆಲದಲ್ಲೇ ಒಂದು ತಡೆ ಇದೆ. 1831ರ ಜನವರಿ 26ರಂದು ಇದೇ ತಾಲ್ಲೂಕಿನ ನಂದಗಡದಲ್ಲಿ ಗಲ್ಲಿಗೇರಿದ ಸಂಗೊಳ್ಳಿ ರಾಯಣ್ಣನ ಜೊತೆಗಾರರಲ್ಲಿ ಸಿದ್ದಿ ಗಜವೀರನನ್ನು ಈ ಸೀಮೆಯ ಜನ ಇಂದಿಗೂ ನೆನೆಯುತ್ತಾರೆ. 2011ರಿಂದ ಇನ್ನೂರು ವರ್ಷ ಹಿಂದಕ್ಕೆ ಎಣಿಸಿದರೆ 1811. ಅಂದರೆ ಹಡಗಿನಿಂದ ಇಳಿದು ಇಪ್ಪತ್ತು ವರ್ಷವೂ ತುಂಬದ ಒಂದು ಸಮುದಾಯ, ಅಷ್ಟರಲ್ಲೇ ಘಟ್ಟ ಹತ್ತಿ, ಕಾಡಿನ ದಾರಿ ಕಲಿತು, ಕಿತ್ತೂರು ನಾಡಿನ ಬಂಡಾಯಗಾರರ ನಂಬಿಕೆ ಗಳಿಸಿತೆಂದು ಒಪ್ಪಬೇಕಾಗುತ್ತದೆ. ಜನಪದ ನೆನಪು ಜನಗಣತಿಯಲ್ಲ, ನಿಜ. ಆದರೆ ಆ ನೆನಪನ್ನು ಬರೀ ಕಥೆ ಎಂದು ಬದಿಗೆ ಸರಿಸುವವರೇ, ಪ್ರಯೋಗಾಲಯದ ಸರಾಸರಿಯೊಂದನ್ನು ಬಂದರಿನ ತಾರೀಖೆಂದು ಒಪ್ಪಿಕೊಳ್ಳುವುದು ಯಾವ ಶಿಸ್ತು?

ಇನ್ನೊಂದು ಹಳೆಯ ತಪ್ಪು ಹೆಸರಿನಿಂದ ಹುಟ್ಟಿದ್ದು. ಹಬಶಿ ಎಂದರೆ ಅಬಿಸೀನಿಯದವನು; ಹಾಗಾಗಿ ಸಿದ್ದಿಗಳು ಇಥಿಯೋಪಿಯದವರು, ದಖನ್ನಿನ ಸೇನಾನಿ ಮಲಿಕ್ ಅಂಬರನ ಬಳಗದವರು, ವಿಜಯಪುರದ ಹಬಶಿ ಸರದಾರರ ಸಂತತಿ ಎಂಬ ವಾದ ಬೆಳೆಯಿತು. 1626ರಲ್ಲಿ ತೀರಿಕೊಂಡ ಮಲಿಕ್ ಅಂಬರ್ ಇಥಿಯೋಪಿಯದವನೇ, ಸಂಶಯವಿಲ್ಲ. ಆದರೆ ದಖನ್ನಿನ ದರಬಾರಿನ ಪರ್ಷಿಯನ್ ಬರಹದಲ್ಲಿ ಹಬಶಿ ಎಂಬ ಪದ ಕಾಲಕ್ರಮೇಣ ಎಲ್ಲ ಆಫ್ರಿಕನ್ನರಿಗೂ ಅಂಟಿಕೊಂಡಿತು. ಪೋರ್ಚುಗೀಸರು ಮಾತ್ರ ಬೇರ್ಪಡಿಸಿ ಹೇಳುತ್ತಿದ್ದರು: ಇಥಿಯೋಪಿಯದವನು ಅಬೆಶಿಂ, ಮೊಜಾಂಬಿಕ್ ಕಡೆಯವನು ಕಾಫ್ರೆ. ಅರಬ್ಬಿಯ ಕಾಫಿರ್ ಪೋರ್ಚುಗೀಸರ ಬಾಯಲ್ಲಿ ಕಾಫ್ರೆಯಾಗಿ, ಕೊಂಕಣಿಯಲ್ಲಿ ಖಾಪ್ರಿಯಾಯಿತು. ಕಾರವಾರದ ಕೋಡಿಬಾಗದಲ್ಲಿ ಖಾಪ್ರಿ ದೇವರೇ ಇದ್ದಾನೆ. ಹಬಶಿ ಎಂಬ ಪದ ಬಂದದ್ದು ದಖನ್ನಿನ ಬಾಗಿಲಿನಿಂದ, ಖಾಪ್ರಿ ಬಂದದ್ದು ಗೋವೆಯ ಬಾಗಿಲಿನಿಂದ. ಸಿದ್ದಿಗಳು ಮನೆಯಲ್ಲಿ ಆಡುವ ಮಾತು ಕೊಂಕಣಿಯ ಒಂದು ಬಗೆ ಎಂಬುದನ್ನೂ (ಮುಸ್ಲಿಂ ಸಿದ್ದಿಗಳಲ್ಲಿ ಉರ್ದುವೂ ಉಂಟು) ಇದರ ಜೊತೆ ಇಟ್ಟು ನೋಡಬೇಕು. ಒಂದೊಂದೇ ಸಾಕ್ಷ್ಯ ಸಾಲದು. ಬಾಂಟು ಮೂಲವೊಂದೇ ಗೋವೆಯನ್ನು ತೋರಿಸುವುದಿಲ್ಲ, ಗುಜರಾತಿನ ಸಿದ್ದಿಗಳಲ್ಲೂ ಅದೇ ಇದೆ. ಕೊಂಕಣಿ ಒಂದೇ ಆದರೂ ಸಾಲದು, ಅದು ನೆರೆಯವರ ಮಾತೂ ಹೌದು. ಬಾಂಟು ಮೂಲ, ಖಾಪ್ರಿ ಎಂಬ ಹೆಸರು, ಕೊಂಕಣಿ ಮಾತು ಮೂರೂ ಕೂಡಿದಾಗ ದಾರಿ ಮೊಜಾಂಬಿಕ್‌ನಿಂದ ಗೋವೆಗೆ, ಗೋವೆಯಿಂದ ಘಟ್ಟಕ್ಕೆ ಎಂಬುದು ಗಟ್ಟಿಯಾಗುತ್ತದೆ.

ಹಾಗಾದರೆ ಈ ದಾರಿಯಲ್ಲಿ ಬಂದವರ ಹಡಗಿನ ಪಟ್ಟಿ ಎಲ್ಲಿ? ಬರಗಾಲದಲ್ಲಿ ಐರ್ಲೆಂಡ್ ಬಿಟ್ಟು ನ್ಯೂಯಾರ್ಕಿಗೆ ಹೋದವರ ಮರಿಮಕ್ಕಳಿಗೆ ಈ ಪ್ರಶ್ನೆಗೆ ಉತ್ತರವಿದೆ. 1819ರ ಅಮೆರಿಕನ್ ಕಾನೂನು ಪ್ರತಿ ಕಪ್ತಾನನಿಂದ ಪ್ರಯಾಣಿಕರ ಹೆಸರು, ವಯಸ್ಸು, ಕಸುಬು, ದೇಶ ಬರೆಸಿತು. 1846ರಿಂದ 1851ರ ನಡುವಿನ ಅಂಥ ದಾಖಲೆಗಳೇ ಸುಮಾರು 6 ಲಕ್ಷ. ಮಾರಿಷಸ್ಸಿಗೆ ಕರಾರಿನ ಮೇಲೆ ಕೂಲಿಗೆ ಹೋದ ಭಾರತೀಯರ ವಿವರಗಳು ಮೋಕಾದ ಮಹಾತ್ಮ ಗಾಂಧಿ ಸಂಸ್ಥೆಯಲ್ಲಿವೆ. ಸಿದ್ದಿಗಳಿಗೆ ಅಂಥ ಪಟ್ಟಿ ಸಿಗುವುದಿಲ್ಲ. ಮೊಜಾಂಬಿಕ್‌ನಿಂದ ಮುಂಗಾರು ಗಾಳಿ ಹಿಡಿದು ಗೋವೆಗೆ ಬಂದ ಹಡಗುಗಳ ಮುಖ್ಯ ಸರಕು ಆನೆದಂತ. ಅದರ ಜೊತೆಯಲ್ಲೇ ಜನರನ್ನೂ ತುಂಬಿ ತರುತ್ತಿದ್ದರು. ಬಂದರಿನವರಿಗೆ ಬೇಕಾದದ್ದು ಸಂಖ್ಯೆ ಮತ್ತು ಸುಂಕ. ಆ ಮೇಲೆ ಪಾದ್ರಿ ಇಟ್ಟ ಪೋರ್ಚುಗೀಸ್ ಹೆಸರು ಹುಟ್ಟಿದ ಊರಿನ ಹೆಸರನ್ನು ಒರೆಸಿಹಾಕಿತು.

1752ರವರೆಗೆ ಮೊಜಾಂಬಿಕ್ ಆಡಳಿತವೇ ಗೋವೆಯ ಕೈಯಲ್ಲಿತ್ತು. ಹಾಗಾಗಿ ಹುಡುಕಬೇಕಾದ ಜಾಗ ಪಣಜಿಯ ಪತ್ರಾಗಾರ. 1595ರಲ್ಲಿ ದಿಯೋಗು ದು ಕೌತು ಮೊದಲ ಪಾಲಕನಾಗಿ ಶುರುವಾದ ಸಂಸ್ಥೆ ಅದು. ವಿದ್ವಾಂಸರು ಅಲ್ಲಿ ವ್ಯಾಪಾರದ ಅಂಕಿಸಂಖ್ಯೆಗಳನ್ನು ಶ್ರಮಪಟ್ಟು ತೆಗೆದಿದ್ದಾರೆ. ಗೋವೆಯ ಗುಲಾಮಗಿರಿಯ ಮೇಲೆ ಜೀನೆಟ್ ಪಿಂಟೊ ಅವರ ಪುಸ್ತಕ ಇಲ್ಲದಿದ್ದರೆ ಈ ವಾದವನ್ನು ಎತ್ತುವುದೇ ಕಷ್ಟವಾಗುತ್ತಿತ್ತು. ಆದರೆ ಘಟ್ಟದ ಮೇಲಿನ ಸಿದ್ದಿಗಳನ್ನು ಅಧ್ಯಯನ ಮಾಡಿದವರು ಬಹುಪಾಲು ಹಬ್ಬ, ದಮಾಮಿ ಕುಣಿತಗಳಲ್ಲೇ ನಿಂತರು. ಗೋವೆಯ ಕಾಗದದ ಕಡೆ ತಿರುಗಿದವರು ಕಡಿಮೆ. 1854ರ ಡಿಸೆಂಬರ್ 14ರ ಪೋರ್ಚುಗೀಸ್ ಆಜ್ಞೆ ಸಾಗರದಾಚೆಯ ತನ್ನ ಎಲ್ಲ ಪ್ರದೇಶಗಳಲ್ಲೂ ಗುಲಾಮರನ್ನು ನೋಂದಾಯಿಸಲು ಹೇಳಿತು. ಪ್ರಯಾಣಿಕರ ಪಟ್ಟಿಗೆ ಹತ್ತಿರದ ವಸ್ತು ಏನಾದರೂ ಇದ್ದರೆ ಅದು ಈ ನೋಂದಣಿ.

ಆದರೂ ಖಾನಾಪುರದವರು ಅಲ್ಲಿ ಸಿಗುವರೆಂಬ ಆಸೆ ದೊಡ್ಡದಾಗಿರಬಾರದು. ನೋಂದಣಿಯಾದವರು ಯಜಮಾನನ ಮನೆಯಲ್ಲಿ ಉಳಿದವರು. ಚೋರ್ಲಾ ಘಾಟಿನ ಕಡೆಯಿಂದ ಕಣಕುಂಬಿ, ಜಾಂಬೋಟಿ ಕಾಡಿಗೆ, ಅನಮೋಡ ಕಡೆಯಿಂದ ಲೋಂಡಾದ ಸುತ್ತಿಗೆ ಹತ್ತಿ ಬಂದವರು ಆ ನೋಂದಣಿಯಿಂದ ತಪ್ಪಿಸಿಕೊಂಡವರು. 1843ರ 5ನೇ ಕಾಯ್ದೆಯ ನಂತರ ಈಸ್ಟ್ ಇಂಡಿಯಾ ಕಂಪನಿಯ ಕೋರ್ಟುಗಳು ಗುಲಾಮನ ಮೇಲೆ ಯಜಮಾನನ ಹಕ್ಕನ್ನು ಮಾನ್ಯ ಮಾಡುವಂತಿರಲಿಲ್ಲ. ಗಡಿ ದಾಟಿದವನನ್ನು ಮರಳಿ ಕೇಳಲು ಕಾನೂನಿನ ನೆಲೆ ಉಳಿಯಲಿಲ್ಲ. ಹಾಗಾಗಿ ಹೆಸರಿಗಿಂತ ಮೊದಲು ಹುಡುಕಬೇಕಾದದ್ದು ದೂರುಗಳನ್ನು: ಓಡಿಹೋದ ಆಳಿನ ಬಗ್ಗೆ ಗೋವೆಯ ಯಜಮಾನ ಬರೆದ ಅರ್ಜಿ, ಅದಕ್ಕೆ ಬೆಳಗಾವಿ ಕಡೆಯ ಅಧಿಕಾರಿ ಬರೆದ ಉತ್ತರ. ಇದಕ್ಕೆ ಪಣಜಿಯ ಕಡತವನ್ನೂ ಮುಂಬಯಿ ಸರ್ಕಾರದ ಹಳೆಯ ಕಡತವನ್ನೂ ಒಂದೇ ಮೇಜಿನ ಮೇಲೆ ಬಿಡಿಸಿ ಓದಬೇಕು.

ಸಿದ್ದಿಗಳ ಈ ಚರಿತ್ರೆ ವಿದ್ವಾಂಸರ ಒಳಜಗಳವಾಗಿ ಮುಗಿಯುವ ವಿಷಯವಲ್ಲ; ಜಿಲ್ಲೆಯ ಗಡಿಯ ಎರಡೂ ಬದಿಯ ಸಿದ್ದಿಗಳು ಒಂದೇ ಜನ ಎಂಬುದನ್ನು ಮರೆತರೆ ಬೆಲೆ ತೆರುವವರು ಅವರೇ. 2003ರಲ್ಲಿ ಸಿದ್ದಿಗಳನ್ನು ಪರಿಶಿಷ್ಟ ಪಂಗಡದ ಪಟ್ಟಿಗೆ ಸೇರಿಸಿದಾಗ ಅಲ್ಲಿ ಬರೆದದ್ದು ಉತ್ತರ ಕನ್ನಡ ಜಿಲ್ಲೆಯ ಹೆಸರು ಮಾತ್ರ. ಹಳಿಯಾಳದಲ್ಲಿದ್ದ ಅಕ್ಕ ಪಂಗಡಕ್ಕೆ ಸೇರಿದರೆ, ಖಾನಾಪುರದಲ್ಲಿದ್ದ ತಂಗಿ ಹೊರಗೆ ಉಳಿಯಬೇಕಾಗಿತ್ತು. ಬೆಳಗಾವಿ, ಧಾರವಾಡ ಜಿಲ್ಲೆಗಳು ಆ ಸಾಲಿಗೆ ಬಂದದ್ದು 2020ರ ತಿದ್ದುಪಡಿಯಲ್ಲಿ. ಹೊರಗೆ ಉಳಿದ ಹದಿನೇಳು ವರ್ಷಗಳಲ್ಲಿ ಜಿಲ್ಲೆಯ ಗಡಿಯ ಈಚೆಯ ಸಿದ್ದಿ ಮಕ್ಕಳಿಗೆ ತಪ್ಪಿದ ಮೀಸಲು ಸೀಟುಗಳನ್ನು ಯಾವ ದಫ್ತರದಲ್ಲೂ ಬರೆದಿಟ್ಟಿಲ್ಲ.