ಸೈನಿಕರ ನಗು ಯಾರ ಲೆಕ್ಕಕ್ಕೆ?

ಯುದ್ಧಕಾಲದಲ್ಲಿ ಕಲಾವಿದರು ಸೇನಾನೆಲೆಗೆ ಹೋಗಿ ಹಾಡೋದು, ನಗಿಸೋದು ಬರೀ ಮನರಂಜನೆ ಅಲ್ಲ. ಸೈನಿಕರ ಮನೋಬಲ ಕಾಯೋದು ಯುದ್ಧದ ತಯಾರಿಯಲ್ಲೇ ಒಂದು ಭಾಗ. ಅಮೆರಿಕದ ಯುಎಸ್‌ಒ ಇದಕ್ಕೆ ಒಳ್ಳೆಯ ಉದಾಹರಣೆ.

ಆರು ಸೇವಾಸಂಸ್ಥೆಗಳು ಸೇರಿ ಇದನ್ನು ಕಟ್ಟಿದ್ದು 1941ರ ಫೆಬ್ರವರಿಯಲ್ಲಿ, ಅಮೆರಿಕ ಎರಡನೇ ಮಹಾಯುದ್ಧಕ್ಕೆ ಇಳಿಯುವ ಮೊದಲೇ. ಅದೇ ವರ್ಷದ ಮೇ ತಿಂಗಳಲ್ಲಿ ಹಾಸ್ಯನಟ ಬಾಬ್ ಹೋಪ್ ಕ್ಯಾಲಿಫೋರ್ನಿಯಾದ ಮಾರ್ಚ್ ಫೀಲ್ಡ್ ವಾಯುನೆಲೆಯಲ್ಲಿ ತಮ್ಮ ರೇಡಿಯೊ ಕಾರ್ಯಕ್ರಮ ನಡೆಸಿಕೊಟ್ಟರು. ಆಮೇಲೆ ಸುಮಾರು 50 ವರ್ಷ, ಕೊಲ್ಲಿ ಯುದ್ಧದ ಕಾಲದವರೆಗೂ, ಸೈನಿಕರಿದ್ದಲ್ಲಿಗೆ ಹೋಗುತ್ತಲೇ ಇದ್ದರು. ವಿಯೆಟ್ನಾಂನಲ್ಲಿ ಮಾಡಿದ ಕ್ರಿಸ್‌ಮಸ್ ಶೋಗಳು ಟಿವಿಯಲ್ಲೂ ಬಂದವು. ನನಗೆ ಮುಖ್ಯ ಅನ್ನಿಸೋದು ಇದೇ: ನಗುವ ಸೈನಿಕರನ್ನು ತೋರಿಸಿ, ಮನೆಯಲ್ಲಿ ಕೂತವರಿಗೂ ಸಮಾಧಾನ ಹೇಳಿದಂತಾಯ್ತು.

1971ರಲ್ಲಿ ಇದಕ್ಕೆ ಎದುರಾಗಿ ಜೇನ್ ಫೋಂಡಾ, ಡೊನಾಲ್ಡ್ ಸದರ್‌ಲ್ಯಾಂಡ್ ‘ಎಫ್‌ಟಿಎ’ ಶೋ ಶುರು ಮಾಡಿದರು. ಸೇನಾನೆಲೆಗಳ ಒಳಗೆ ಅವಕಾಶ ಸಿಗದೆ, ಹೊರಗೇ ಯುದ್ಧವಿರೋಧಿ ಹಾಡು, ಪ್ರಹಸನ ಆಡಿದರು. ನೋಡೋಕೆ ಬಂದವರೂ ಸೈನಿಕರೇ!

ಹೋಪ್ ಶೋನಲ್ಲಿ ಚಪ್ಪಾಳೆ ಹೊಡೆದವರೆಲ್ಲ ಯುದ್ಧವನ್ನು ಒಪ್ಪಿದ್ದರು ಅಂತೇನಿಲ್ಲ. ಮನೆಯಿಂದ ದೂರ ಇದ್ದವರಿಗೆ ಸ್ವಲ್ಪ ಹೊತ್ತು ನಗು ಬೇಕಿತ್ತು, ಅಷ್ಟೆ. ಆ ನಗುವನ್ನು ಯುದ್ಧಕ್ಕೆ ಬಿದ್ದ ಓಟು ಅಂತ ಎಣಿಸುವವರ ಬಗ್ಗೆ ನಾವು ಹುಷಾರಾಗಿರಬೇಕು.