ಕಪ್ಪು ಫೋನು, ಗೆದ್ದ ಕಪ್ಪು

ನಮ್ಮ ಸೀಮೆಯ ರಾಜವಂಶಕ್ಕೆ ಹೆಸರು ಬಂದದ್ದೇ ಒಂದು ಕೂಗಿನಿಂದ ಎಂದು ಕಥೆ ಹೇಳುತ್ತದೆ. ಹುಲಿ ಎರಗಿ ಬಂದಾಗ ಸುದತ್ತ ಮುನಿಗಳು 'ಹೊಯ್, ಸಳ' ಎಂದರಂತೆ, ಸಳ ಹೊಯ್ದನಂತೆ, ಹೊಯ್ಸಳ ಎಂಬ ಹೆಸರು ನಿಂತಿತಂತೆ. ಬೇಲೂರಿಗೆ ಹೋದವರೆಲ್ಲ ಆ ಶಿಲ್ಪದ ಮುಂದೆ ನಿಂತು ಫೋಟೋ ತೆಗೆಸಿಕೊಂಡವರೇ. ಮನೆಯ ಗಂಡಸರು ಟಿ.ವಿ. ಮುಂದೆ ಕುಳಿತು 'ಹೊಡಿ, ಹೊಡಿ' ಎಂದು ಕಿರುಚುವಾಗಲೆಲ್ಲ ನನಗೆ ಈ ಕಥೆ ನೆನಪಾಗುತ್ತದೆ. ಅಂದಿಗೂ ಇಂದಿಗೂ ಕೂಗುವವರು ಬೇರೆ, ಹೊಡೆಯುವವರು ಬೇರೆ!

ಅರಸೀಕೆರೆಯಲ್ಲಿ ಆ ಕೂಗು ಬಹುಮಟ್ಟಿಗೆ ಕ್ರಿಕೆಟ್ಟಿಗೇ ಮೀಸಲು. ಫುಟ್‌ಬಾಲ್ ಎಂದರೆ ಬಂಗಾಳಿಗಳದು, ಗೋವೆಯವರದು, ಮಲಯಾಳಿಗಳದು ಎಂದು ನಾವು ಬಿಟ್ಟುಕೊಟ್ಟುಬಿಟ್ಟಿದ್ದೇವೆ. ಆದರೆ ದೇಶದ ಕ್ಲಬ್ಬುಗಳಿಗಾಗಿ ನಡೆದ ಫೆಡರೇಷನ್ ಕಪ್ಪಿನ ಕಥೆ ಬೇರೆಯೇ ಇದೆ. ಅದರ ಮೊದಲ ಫೈನಲ್ ಗೆದ್ದದ್ದು ಬೆಂಗಳೂರಿನ ತಂಡ. ಕೊನೆಯ ಫೈನಲ್ ಗೆದ್ದದ್ದೂ ಬೆಂಗಳೂರಿನ ತಂಡವೇ. ಎರಡು ಸಲವೂ ಎದುರಿಗಿದ್ದು ಸೋತದ್ದು ಕಲ್ಕತ್ತೆಯ ಮೋಹನ್ ಬಾಗಾನ್. ನಡುವೆ ಸರಿಯಾಗಿ ನಲವತ್ತು ವರ್ಷ.

ಆ ಮೊದಲ ತಂಡದ ಪರಿಚಯ ನಿಮಗೂ ಉಂಟು, ಮೈದಾನದಲ್ಲಲ್ಲ, ಮನೆಯಲ್ಲಿ. ನಮ್ಮ ಬೀದಿಗೆಲ್ಲ ಒಂದೇ ಫೋನಿದ್ದ ಕಾಲವೊಂದಿತ್ತಲ್ಲ! ಕಪ್ಪು ಬಣ್ಣದ್ದು, ಎತ್ತಿದರೆ ಕೈ ಸೋಲುವಷ್ಟು ಭಾರ. ಕ್ರೋಷಾ ಹೆಣೆದ ಬಟ್ಟೆ ಹೊದ್ದು ದೇವರ ಹಾಗೆ ಮೂಲೆಯಲ್ಲಿ ಕೂತಿರುತ್ತಿತ್ತು. ಹೆರಿಗೆಯಾದ ಸುದ್ದಿ, ಸಾವಿನ ಸುದ್ದಿ, ಗಂಡಿನ ಕಡೆಯವರು ಒಪ್ಪಿದ ಸುದ್ದಿ, ಎಲ್ಲವೂ ಅದರ ಹೊಟ್ಟೆಯಿಂದಲೇ ಬರಬೇಕು. ಅಂಥ ಫೋನುಗಳನ್ನು ಮಾಡುತ್ತಿದ್ದ ಕಾರ್ಖಾನೆಯೇ ಐ.ಟಿ.ಐ., ಅಂದರೆ ಇಂಡಿಯನ್ ಟೆಲಿಫೋನ್ ಇಂಡಸ್ಟ್ರೀಸ್. 1948ರಲ್ಲಿ ಬೆಂಗಳೂರಿನಲ್ಲಿ ಶುರುವಾದ ಅದರ ಸುತ್ತ ಬೆಳೆದ ಊರಿಗೆ ದೂರವಾಣಿನಗರ ಎಂದೇ ಹೆಸರಾಯಿತು. ಫೋನಿನ ಸಣ್ಣ ಸಣ್ಣ ಭಾಗಗಳನ್ನು ಜೋಡಿಸುವ ವಿಭಾಗಗಳಲ್ಲಿ ಹೆಂಗಸರು ದೊಡ್ಡ ಸಂಖ್ಯೆಯಲ್ಲಿ ದುಡಿದರು. ಹೂ ಕಟ್ಟುವ, ಕಸೂತಿ ಹಾಕುವ ಬೆರಳುಗಳು ತಂತಿಯನ್ನೂ ಚೆನ್ನಾಗಿಯೇ ಹೆಣೆದವು.

ಈ ಕಾರ್ಖಾನೆಗೊಂದು ಫುಟ್‌ಬಾಲ್ ತಂಡವೂ ಇತ್ತು. ಆಗ ಅದೇ ರೂಢಿ. ಎಚ್.ಎ.ಎಲ್.ಗೂ ತಂಡವಿತ್ತು. ಚೆನ್ನಾಗಿ ಆಡುವ ಹುಡುಗನಿಗೆ ಕಾರ್ಖಾನೆ ಕೆಲಸ ಕೊಡುತ್ತಿತ್ತು, ಆತ ಕಾರ್ಖಾನೆಗಾಗಿ ಆಡುತ್ತಿದ್ದ. 'ಚೆಂಡು ಒದ್ದರೆ ಹೊಟ್ಟೆ ತುಂಬುತ್ತದೇನೋ?' ಎಂದು ಕೇಳುವ ತಾಯಿಗೆ ಇದಕ್ಕಿಂತ ಒಳ್ಳೆಯ ಉತ್ತರ ಯಾವುದಿದೆ? ಹೊಟ್ಟೆಯೂ ತುಂಬುತ್ತಿತ್ತು, ಕಾಲು ಸೋತ ಮೇಲೂ ತಿಂಗಳ ಸಂಬಳ ನಿಲ್ಲುತ್ತಿರಲಿಲ್ಲ.

ಸಂತೋಷ್ ಟ್ರೋಫಿ 1941ರಿಂದ ಇದ್ದರೂ ಅದು ರಾಜ್ಯಗಳ ನಡುವಿನ ಪಂದ್ಯಾವಳಿ. ಡ್ಯುರಾಂಡ್, ರೋವರ್ಸ್ ಬ್ರಿಟಿಷರ ಕಾಲದಿಂದ ಬಂದವು. ದೇಶದ ಒಳ್ಳೆಯ ಕ್ಲಬ್ಬುಗಳನ್ನು ಒಂದೆಡೆ ಸೇರಿಸಲೆಂದು ಅಖಿಲ ಭಾರತ ಫುಟ್‌ಬಾಲ್ ಫೆಡರೇಷನ್ 1977ರಲ್ಲಿ ಈ ಕಪ್ಪನ್ನು ಆರಂಭಿಸಿತು. ಮೊದಲ ವರ್ಷ ಎರ್ನಾಕುಲಂನಲ್ಲಿ ಆಟ. ಫೈನಲ್‌ನಲ್ಲಿ ಒಂದು ಕಡೆ ಮೋಹನ್ ಬಾಗಾನ್. 1889ರಲ್ಲಿ ಹುಟ್ಟಿ, 1911ರಲ್ಲಿ ಬರಿಗಾಲಲ್ಲಿ ಆಡಿ ಬ್ರಿಟಿಷ್ ಪಲ್ಟನ್ನಿನ ತಂಡವನ್ನು ಸೋಲಿಸಿದ ಕೀರ್ತಿ ಅದರದು. ಇನ್ನೊಂದು ಕಡೆ ಫೋನು ಮಾಡುವ ಕಾರ್ಖಾನೆಯ ತಂಡ. ಐ.ಟಿ.ಐ. 1-0ರಿಂದ ಗೆದ್ದಿತು.

ಬಾಗಾನ್‌ಗೆ ಅದು ಕೈಲಾಗದ ವರ್ಷವಾಗಿತ್ತೇನೋ ಎನ್ನುವಂತಿಲ್ಲ. ಅದೇ 1977ರಲ್ಲಿ ಐ.ಎಫ್.ಎ. ಶೀಲ್ಡ್, ರೋವರ್ಸ್, ಡ್ಯುರಾಂಡ್ ಮೂರನ್ನೂ ಅದು ಗೆದ್ದುಕೊಂಡಿತು. ಸೆಪ್ಟೆಂಬರ್ 24ರಂದು ಕಲ್ಕತ್ತೆಯ ಈಡನ್ ಗಾರ್ಡನ್ಸ್‌ಗೆ ಪೆಲೆ ತಮ್ಮ ಕಾಸ್ಮೋಸ್ ತಂಡದೊಂದಿಗೆ ಬಂದಾಗ 2-2ರ ಸಮ ಮಾಡಿಕೊಂಡಿತು. ಪೆಲೆಯ ತಂಡಕ್ಕೂ ಮಣಿಯದವರನ್ನು ನಮ್ಮ ದೂರವಾಣಿನಗರದವರು ಮಣಿಸಿದ್ದರು!

ಆಮೇಲೆ ಕಾಲ ಬದಲಾಯಿತು. 1991ರ ನಂತರ ಬಾಗಿಲು ತೆರೆದು ಹೊರಗಿನ ಸರಕು ಬಂತು. ಅಂಗಡಿಗಳಲ್ಲಿ ಬಣ್ಣಬಣ್ಣದ ಹಗುರ ಫೋನುಗಳು ಬಂದವು, ಹಿಂದೆಯೇ ಮೊಬೈಲು ಬಂತು. ನಾವೂ ಸಂತೋಷದಿಂದಲೇ ಕಪ್ಪು ಫೋನನ್ನು ಅಟ್ಟಕ್ಕೆ ಹಾಕಿದೆವು. ಐ.ಟಿ.ಐ. ನಷ್ಟದ ದಾರಿ ಹಿಡಿಯಿತು, ಸ್ವಯಂನಿವೃತ್ತಿ ಎಂಬ ಮಾತು ಕಾರ್ಖಾನೆಯ ಮನೆಗಳಲ್ಲಿ ಕೇಳತೊಡಗಿತು. ಆಟಗಾರರನ್ನು ಸಾಕಿದ್ದ ಸಂಬಳವೇ ಸೊರಗಿದ ಮೇಲೆ ತಂಡ ದೊಡ್ಡ ಮೈದಾನಗಳಿಂದ ಮರೆಯಾಯಿತು.

ಫೆಡರೇಷನ್ ಕಪ್ಪಿನ ಕೊನೆಯ ಫೈನಲ್ ನಡೆದದ್ದು 2017ರ ಮೇ 21ರಂದು, ಕಟಕ್‌ನಲ್ಲಿ. ಈಗ ಬೆಂಗಳೂರಿನ ಪರವಾಗಿ ಇದ್ದದ್ದು 2013ರಲ್ಲಿ ಹುಟ್ಟಿದ ಬೆಂಗಳೂರು ಎಫ್.ಸಿ. ಆಟವೇ ಇಲ್ಲಿ ಉದ್ಯೋಗ. ತೊಂಬತ್ತು ನಿಮಿಷ ಗೋಲಿಲ್ಲ. ಹೆಚ್ಚುವರಿ ಸಮಯದಲ್ಲಿ ಕೇರಳದ ಸಿ.ಕೆ. ವಿನೀತ್ ಎರಡು ಗೋಲು ಹೊಡೆದರು, ಕಪ್ಪು ಮತ್ತೆ ಬೆಂಗಳೂರಿಗೆ ಬಂತು. ಮರುವರ್ಷದಿಂದ ಅದರ ಜಾಗಕ್ಕೆ ಸೂಪರ್ ಕಪ್ ಬಂದಿತು.

ಅದೇ 2017ರಲ್ಲಿ ವಿನೀತರ ಸರ್ಕಾರಿ ಕೆಲಸ ಹೋಯಿತು. ಆಟದಿಂದಾಗಿ ಹಾಜರಾತಿ ಸಾಲದಾಗಿತ್ತು. 1977ರಲ್ಲಿ ಚೆನ್ನಾಗಿ ಆಡಿದವರಿಗೆ ಕೆಲಸ ಸಿಗುತ್ತಿತ್ತು. ನಲವತ್ತು ವರ್ಷದ ಮೇಲೆ ಆಡಿದ್ದಕ್ಕೇ ಕೆಲಸ ಹೋಯಿತು. ಮುಂದೆ ಕೇರಳ ಸರ್ಕಾರ ಅವರಿಗೆ ಬೇರೆ ಕೆಲಸ ಕೊಟ್ಟಿತೆನ್ನಿ. ಆದರೂ ಮಗನಿಗೆ ಬೂಟು ಕೊಡಿಸುವ ತಾಯಿ ಈ ಎರಡು ಲೆಕ್ಕವನ್ನೂ ಮನಸ್ಸಿನಲ್ಲೇ ಕೂಡಿ ಕಳೆಯುತ್ತಾಳೆ.

ಬೇಲೂರಿನ ಗುಡಿಯಲ್ಲಿ ಮದನಿಕೆಯರ ಚೆಲುವಿಗೆ ಮರುಳಾಗುವ ನಾವು ಅವರ ಪಾದದ ಬಳಿಯ ಅಕ್ಷರಗಳನ್ನು ನೋಡುವುದು ಕಡಿಮೆ. ಬಳ್ಳಿಗಾವೆಯ ದಾಸೋಜ, ಅವನ ಮಗ ಚಾವಣ ಅಲ್ಲಿ ತಮ್ಮ ಹೆಸರು ಕೊರೆದಿದ್ದಾರೆ. ಎದುರಾಳಿ ಶಿಲ್ಪಿಗಳನ್ನು ಮೀರಿಸಿದವರು ತಾವೆಂಬ ಬಿರುದುಗಳೂ ಅಂಥ ಬರಹಗಳಲ್ಲಿ ಉಂಟು. ಕೆಲಸ ಮಾಡಿದವನ ಹೆಸರು ಕಲ್ಲಿನ ಮೇಲೆ ನಿಲ್ಲಬೇಕೆಂದು ಒಂಬೈನೂರು ವರ್ಷದ ಹಿಂದೆಯೇ ತಿಳಿದಿದ್ದ ನಾಡು ಇದು. ಐ.ಟಿ.ಐ.ನ ಆ ಹನ್ನೊಂದು ಮಂದಿಯ ಹೆಸರನ್ನು ನಮ್ಮ ಶಾಲೆಗಳಲ್ಲಿ ಯಾವ ಮಗುವೂ ಕಲಿಯುವುದಿಲ್ಲ. ಫೋನು ಜೋಡಿಸಿದ ಹೆಂಗಸರ ಹೆಸರಂತೂ ಕೇಳುವುದೇ ಬೇಡ.

2023ರ ಮೇ ತಿಂಗಳಲ್ಲಿ ಅಹಮದಾಬಾದಿನಲ್ಲಿ ಮಹಿಳೆಯರ ರಾಷ್ಟ್ರೀಯ ಲೀಗಿನ ಫೈನಲ್ ನಡೆಯಿತು. ಬೆಂಗಳೂರಿನ ಕಿಕ್‌ಸ್ಟಾರ್ಟ್ ತಂಡದ ಹುಡುಗಿಯರು ಗೋಕುಲಂ ಕೇರಳದೆದುರು 5-0ಯಿಂದ ಸೋತರು. ದೊಡ್ಡ ಸೋಲೇ ಸರಿ. ಆದರೆ ಫೈನಲ್ಲಿನವರೆಗೆ ನಡೆದುಹೋದವರು ಈ ಸಲ ಹೆಣ್ಣುಮಕ್ಕಳೇ. ಅವರ ಹೆಸರುಗಳನ್ನಾದರೂ ನಮ್ಮ ಮನೆಯ ಹುಡುಗಿಯರಿಗೆ ಈಗಲೇ ಹೇಳಿಕೊಡೋಣ.