ಸೂಡಿಯ ಎಂಟು ಸೆಟ್ಟಿಗಳು, ಎಂಬತ್ತು ಒಕ್ಕಲು

ರೋಣ ಗಜೇಂದ್ರಗಡಗಳ ನಡುವಣ ಎರೆಯ ನೆಲದಲ್ಲಿರುವ ಸೂಡಿಗೆ ಹೋದವರು ಜೋಡುಕಳಸದ ಗುಡಿಯನ್ನೂ ನಾಗಕುಂಡವನ್ನೂ ಕಂಡು ಶಿಲ್ಪಿಗಳ ಹಸ್ತಕೌಶಲವನ್ನು ಕೊಂಡಾಡುತ್ತಾರೆ; ಕೊಂಡಾಡತಕ್ಕದ್ದೇ ಸರಿ. ಆದರೆ ಇಂತಹ ಕಟ್ಟಡಗಳನ್ನು ಎತ್ತಿಸಬಲ್ಲ ಸಂಪತ್ತು ಈ ಊರಿನಲ್ಲಿ ಹೇಗೆ ಉತ್ಪನ್ನವಾಯಿತೆಂದು ವಿಚಾರಿಸುವವರು ವಿರಳ.

ಭೂಮಿ, ಶ್ರಮ, ಬಂಡವಾಳ ಎಂಬ ಮೂರನ್ನು ಉತ್ಪಾದನೆಯ ಸಾಧನಗಳೆಂದು ಹೇಳಿಕೊಂಡು ಬಂದ ಅರ್ಥಶಾಸ್ತ್ರಜ್ಞರ ಪರಂಪರೆಯಲ್ಲಿ, ಅವುಗಳನ್ನು ಕೂಡಿಸಿ ನಡೆಸುವ ಸಂಘಟನೆಗೂ ಸಮಾನವಾದ ಸ್ಥಾನವನ್ನು ಕೊಟ್ಟು ವಿವೇಚಿಸಿದವನು ಆಲ್ಫ್ರೆಡ್ ಮಾರ್ಷಲ್. ಅವನ ಗ್ರಂಥ ಪ್ರಕಟವಾದುದು 1890ರಲ್ಲಿ. ಈ ನಾಲ್ಕನೆಯ ಸಾಧನದ ಮಹತ್ತ್ವವನ್ನು ಸೂಡಿಯ ಶಿಲಾಶಾಸನವೊಂದು ಅದಕ್ಕೆ ಎಂಟು ಶತಮಾನಗಳ ಹಿಂದೆಯೇ ನಮ್ಮ ಕಣ್ಣೆದುರಿಗೆ ತಂದು ನಿಲ್ಲಿಸುತ್ತದೆ.

ಕಲ್ಯಾಣದ ಚಾಲುಕ್ಯರ ಕಾಲದಲ್ಲಿ ಸೂಡಿಯು ಕಿಸುಕಾಡು ಎಪ್ಪತ್ತು ಎಂಬ ನಾಡಿನ ಪ್ರಮುಖ ಪಟ್ಟಣವಾಗಿತ್ತು. ಜೋಳ ಹತ್ತಿಗಳಿಗೆ ಒಗ್ಗುವ ಕರಿಯ ನೆಲವಿತ್ತು. ಮಳೆ ಕಡಮೆಯಾದ ಸೀಮೆಯಾದುದರಿಂದ ನೀರನ್ನು ಕಲ್ಲು ಕಟ್ಟಿ ಕಾಪಾಡುವ ವಿದ್ಯೆಯೂ ಬೆಳೆದಿತ್ತು. ಅಕ್ಕಸಾಲೆಗಳ ಶ್ರಮವನ್ನೂ ಬಂಗಾರದ ಬಂಡವಾಳವನ್ನೂ ಒಂದೆಡೆ ಸೇರಿಸುವ ಕಮ್ಮಟವೊಂದು ಇಲ್ಲಿತ್ತೆಂಬುದು ವಿಶೇಷವಾಗಿ ಗಮನಾರ್ಹ: ಸಮೀಪದ ಲಕ್ಕುಂಡಿಯ ಟಂಕಸಾಲೆಯಿಂದ ಲೊಕ್ಕಿ ಗದ್ಯಾಣಗಳು ಹೊರಟಂತೆ, ಸೂಡಿಯಲ್ಲಿಯೂ ನಾಣ್ಯಗಳು ಮುದ್ರಿತವಾಗುತ್ತಿದ್ದವು. ನಾಣ್ಯವನ್ನೇ ತಯಾರಿಸುವ ಪೇಟೆಯಲ್ಲಿ ವ್ಯಾಪಾರಕ್ಕೆ ಎಷ್ಟು ವಿಶ್ವಾಸ ಬೇಕಾಗಿತ್ತೆಂಬುದನ್ನು ಯಾರಾದರೂ ಊಹಿಸಬಹುದು.

ಈ ನಾಡನ್ನು ಆಳಿದವಳು ಅಕ್ಕಾದೇವಿ. ಚಾಲುಕ್ಯ ಅರಸರಾದ ಐದನೆಯ ವಿಕ್ರಮಾದಿತ್ಯನಿಗೂ ಜಯಸಿಂಹನಿಗೂ ಸೋದರಿಯಾಗಿದ್ದು, ‘ಗುಣದ ಬೆಡಂಗಿ’ ಎಂಬ ಬಿರುದನ್ನು ಧರಿಸಿ, ಗೋಕಾಗೆಯ ಕೋಟೆಯನ್ನು ಸ್ವತಃ ಮುತ್ತಿದ ಈ ವೀರಮಹಿಳೆಯ ಹೆಸರು 1010ರ ಸೂಡಿಯ ಶಾಸನದಲ್ಲಿಯೇ ಕಾಣಿಸುತ್ತದೆ. ಅವಳ ಆಳ್ವಿಕೆಯ ಉತ್ತರಾರ್ಧದಲ್ಲಿ ಚೋಳರ ದಂಡಯಾತ್ರೆಗಳು ಈ ನಾಡನ್ನು ಕಂಗೆಡಿಸಿದುವು. ಆ ಯುದ್ಧದ ಕ್ಷೋಭೆಯಿಂದ ಊರಿನ ವ್ಯವಸ್ಥೆ ಶಿಥಿಲವಾಗಿರಲು, 1050ರ ಸುಮಾರಿನಲ್ಲಿ ಅಕ್ಕಾದೇವಿಯು ತನ್ನ ಮಂತ್ರಿಗಳೊಡಗೂಡಿ ಸೂಡಿಯ ಎಂಟು ಸೆಟ್ಟಿಗಳಿಗೂ ಎಂಬತ್ತು ಒಕ್ಕಲುಗಳಿಗೂ ಪೂರ್ವದ ಮರ್ಯಾದೆಯನ್ನು, ಎಂದರೆ ಅವರ ಸಂಘದ ಕಟ್ಟಳೆಯನ್ನು, ನವೀಕರಿಸಿಕೊಟ್ಟಳು. ಬಾರ್ನೆಟ್ ವಿದ್ವಾಂಸರು ‘ಎಪಿಗ್ರಾಫಿಯಾ ಇಂಡಿಕಾ’ದ 15ನೆಯ ಸಂಪುಟದಲ್ಲಿ ಪ್ರಕಟಿಸಿದ ಸೂಡಿಯ ಶಾಸನಗಳಲ್ಲಿ ನನಗೆ ಇದರಷ್ಟು ಅಮೂಲ್ಯವಾದುದು ಮತ್ತೊಂದಿಲ್ಲ. ದಂಡು ಬಂದು ಹೋದ ಮೇಲೆಯೂ ಎರೆಯ ಹೊಲ ಎಲ್ಲಿಗೂ ಹೋಗಿರಲಿಲ್ಲ. ಉಳಿದವರ ಕೈಗಳು ಕಸಬನ್ನು ಮರೆತಿರಲಿಲ್ಲ. ಆದರೂ ಯಾರ ಹಕ್ಕು ಎಷ್ಟು, ಯಾರ ಹೊಣೆ ಯಾವುದು ಎಂಬುದು ನಿಶ್ಚಯವಾಗದೆ ಗಾಣ ತಿರುಗದು, ಮಳಿಗೆ ತೆರೆಯದು, ಕಡ ಕೊಡುವವನ ಕೈ ಮುಂದೆ ಬಾರದು. ಮಾರ್ಷಲ್ ಹೇಳಿದ ಸಂಘಟನೆಗೆ ಆಧಾರ ಈ ನಿಶ್ಚಯವೇ. ಅದನ್ನು ಸೆಟ್ಟಿಗಳಿಗೆ ಮಾತ್ರವಲ್ಲದೆ ಒಕ್ಕಲುಗಳಿಗೂ ಹೆಸರಿಟ್ಟು ಕೊಟ್ಟುದರಲ್ಲಿ ಆ ರಾಣಿಯ ರಾಜನೀತಿಜ್ಞಾನ ಪ್ರಕಾಶಿಸುತ್ತದೆ.

ಸೂಡಿಯ ಮಲ್ಲಿಕಾರ್ಜುನ ದೇವಾಲಯಕ್ಕೆ ವಿದ್ವಾಂಸರು ಹೇಳುವ ಕಾಲ 1054. ಒಂದನೆಯ ಸೋಮೇಶ್ವರನ ದಂಡನಾಯಕ ನಾಗದೇವನು ಜೋಡುಕಳಸದ ಗುಡಿಯನ್ನು ಕಟ್ಟಿಸಿದುದು 1060ರ ಸುಮಾರಿಗೆ. ಎರಡೂ ಆ ನವೀಕರಣದ ಬಳಿಕ ಒಂದು ದಶಕದೊಳಗೆ ಎದ್ದುನಿಂತವು; ಇದನ್ನು ಕೇವಲ ಆಕಸ್ಮಿಕವೆಂದು ನಾನು ಎಣಿಸಲಾರೆ.